ಒಬ್ಬರೇ ಇರುವ ಅಮ್ಮನಿಗೆ ಫೋನ್ ಮಾಡುವಾಗ

‘ಊಟ ಆಯ್ತಾ?’ ‘ಹೂಂ.’ ‘ಮಾತ್ರೆ ತಗೊಂಡ್ಯಾ?’ ‘ಹೂಂ.’ ‘ಸರಿ, ಇಡ್ತೀನಿ.’ ಅಪ್ಪ ಹೋದ ಮೇಲೆ ಊರಲ್ಲಿ ಒಬ್ಬರೇ ಉಳಿದ ಅಮ್ಮಂದಿರಿಗೆ ಹೋಗುವ ಎಷ್ಟೋ ಫೋನುಗಳು ಹೀಗೆ ನಿಮಿಷದೊಳಗೆ ಮುಗಿದುಹೋಗುತ್ತವೆ.

ಹೂಂ ಎಂದು ಮುಗಿಸಬಹುದಾದ ಪ್ರಶ್ನೆ ಕೇಳಲೇಬೇಡಿ. ‘ಇವತ್ತು ಏನು ಹುಳಿ?’ ಅನ್ನಿ. ‘ಒಬ್ಬಳಿಗೆ ಏನು ಮಾಡೋದು, ಮೊಸರನ್ನ ತಿಂದೆ’ ಎಂಬ ಮಾತು ವಾರದಲ್ಲಿ ಮೂರು ನಾಲ್ಕು ಸಲ ಬಂತೋ, ಒಲೆ ಹಚ್ಚುವ ಮನಸ್ಸೇ ಇಲ್ಲ ಎಂದು ತಿಳಿಯಿರಿ. ಅಡುಗೆ ನಿಂತರೆ ಸೊಪ್ಪಿನವಳು ಕೂಗಿದಾಗ ಗೇಟಿನವರೆಗೆ ಹೋಗುವುದೂ ನಿಲ್ಲುತ್ತದೆ. ದಿನಕ್ಕಿದ್ದ ನಾಲ್ಕು ಮಾತೂ ಹೋಯಿತು.

ಹೊತ್ತು ಮುಖ್ಯ. ದೀಪ ಹಚ್ಚುವ ಸಮಯ, 6.30ರಿಂದ 7.30, ತುಂಬ ಜನಕ್ಕೆ ಕಷ್ಟದ್ದು. ಕ್ಯಾಲಿಫೋರ್ನಿಯಾದಲ್ಲಿ ಇರುವವರಿಗೆ ಸಂಜೆ 6.30 ಎಂದರೆ ಬೇಸಿಗೆಯಲ್ಲಿ ಬೆಳಗಿನ 6, ಚಳಿಗಾಲದಲ್ಲಿ 5. ಏಳಲಾಗದಿದ್ದರೆ ಬೇರೆ ಹೊತ್ತು ಗೊತ್ತು ಮಾಡಿ, ಆದರೆ ತಪ್ಪಿಸುವ ದಿನ ಮೊದಲೇ ಹೇಳಿ. ಅವರು ಫೋನನ್ನು ಮಡಿಲಲ್ಲಿಟ್ಟುಕೊಂಡು ಕಾಯುತ್ತಿರುತ್ತಾರೆ.

ಬರೀ ಹೂಂ ಬರುತ್ತಿದ್ದರೆ ಕಿವಿಯನ್ನೂ ನೋಡಿಸಿ. ವಯಸ್ಸಾದಾಗ ಸ, ಶ ತರಹದ ಸಣ್ಣ ಸದ್ದುಗಳು ಮೊದಲು ಮಸುಕಾಗುತ್ತವೆ. ಕೂಗಿದರೆ ಉಪಯೋಗವಿಲ್ಲ, ನಿಧಾನ ಮಾಡಿ. ಕಾರು ಓಡಿಸುತ್ತ, ಸ್ಪೀಕರಿನಲ್ಲಿ ಖಂಡಿತ ಬೇಡ.

ಅಮ್ಮ ಅಳುತ್ತಾರೆಂದು ಮಕ್ಕಳು ಅಪ್ಪನ ಸುದ್ದಿಯನ್ನೇ ಎತ್ತುವುದಿಲ್ಲ. ಇದು ಬಹಳ ನೋಯಿಸುತ್ತದೆ; ಮನೆಯಲ್ಲಿ ಅವರ ಹೆಸರು ಹೇಳುವವರೇ ಇಲ್ಲದಂತಾಗುತ್ತದೆ. ‘ಅಪ್ಪ ಈ ಮಾವಿನಕಾಯಿಗೆ ಎಷ್ಟು ಉಪ್ಪು ಹಾಕಿಸ್ತಿದ್ರು?’ ಎಂದು ಸಹಜವಾಗಿ ಕೇಳಿ. ಅತ್ತರೆ ‘ಅಳಬೇಡ’ ಅನ್ನಬೇಡಿ. ಮನಸ್ಸಿನಲ್ಲೇ ಹತ್ತರವರೆಗೆ ಎಣಿಸಿ, ಸುಮ್ಮನಿರಿ. ಮಾತು ಅವರ ಕಡೆಯಿಂದಲೇ ಮತ್ತೆ ಶುರುವಾಗುತ್ತದೆ. ಅಳು ಬಂದ ಕೂಡಲೇ ‘ಇಲ್ಲಿಗೇ ಬಂದುಬಿಡು’ ಎಂದು ಹೊರಡಿಸಲು ನೋಡಿದರೆ, ಮುಂದಿನ ಸಲ ಅವರು ಅಳುವನ್ನು ಬಚ್ಚಿಡುತ್ತಾರೆ.

ಅಮ್ಮನನ್ನು ಕೇಳಿಯೇ ಪಕ್ಕದ ಮನೆಯವರೊಬ್ಬರ ನಂಬರ್ ಇಟ್ಟುಕೊಳ್ಳಿ.

ಎರಡು ವಾರ ನಿದ್ದೆ, ಹಸಿವು ಸರಿಯಿಲ್ಲದೆ ಯಾವುದರಲ್ಲೂ ಆಸಕ್ತಿ ಕಾಣದಿದ್ದರೆ ವಯಸ್ಸಿನ ಮೇಲೆ ಹಾಕಬೇಡಿ, ವೈದ್ಯರಿಗೆ ತೋರಿಸಿ. 2022ರಲ್ಲಿ ಶುರುವಾದ ಸರ್ಕಾರಿ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮಾನಸ್, 14416, ಉಚಿತ, ಕನ್ನಡದಲ್ಲೇ ಮಾತಾಡಬಹುದು. ‘ಬದುಕಿ ಏನು ಮಾಡಲಿ’ ಎಂಬ ಮಾತು ಬಂದರೆ ಎರಡು ವಾರ ಕಾಯಬೇಡಿ, ಅವತ್ತೇ ಯಾರನ್ನಾದರೂ ಮನೆಗೆ ಕಳಿಸಿ.

ಫೋನ್ ಇಡುವ ಮುಂಚೆ ನಾಳೆಗೊಂದು ಎಳೆ ಉಳಿಸಿ: ‘ಮಲ್ಲಿಗೆ ಬಳ್ಳಿ ಮೊಗ್ಗು ಬಿಡ್ತಾ, ನೋಡಿ ಹೇಳು.’ ನಾಳೆ ಮರೆಯದೆ ಅದನ್ನೇ ಮೊದಲು ಕೇಳಿ.