ಮಡಚಿದರೂ ಮುರಿಯದ ರೊಟ್ಟಿ

ವಿಜಯಪುರದವಳು ನಾನು. ರೊಟ್ಟಿ ಬಡಿಯೋದನ್ನು ಯಾರಾದರೂ ನನಗೆ ಹೇಳಿಕೊಡಬೇಕಾ ಅಂತ ಸೊಕ್ಕಿತ್ತು. ಗಂಡನ ಕೆಲಸಕ್ಕೆಂದು ಮೆಕ್ಸಿಕೊದ ಗ್ವಾದಲಹಾರಾಕ್ಕೆ ಬಂದ ಹೊಸತರಲ್ಲಿ ಮೆಕ್ಕೆಜೋಳದ ಹಿಟ್ಟಿಗೆ ಎಸರು ಹಾಕಿ ನಾದಿದೆ. ರೊಟ್ಟಿಯೇನೋ ಆಯಿತು. ಮಡಚಿದರೆ ಎರಡು ಹೋಳು.

ಪಕ್ಕದ ಬೀದಿಯಲ್ಲಿ ಟೋರ್ಟಿಯಾ, ಅಂದರೆ ಇಲ್ಲಿನ ಮೆಕ್ಕೆಜೋಳದ ರೊಟ್ಟಿಯ ಅಂಗಡಿಯಿದೆ. ಅಜ್ಜಿ, ಮಗ, ಸೊಸೆ ಸೇರಿ ನಡೆಸುತ್ತಾರೆ. ಅಜ್ಜಿಗೆ ಇದು ತಾಯಿಯಿಂದ ಬಂದ ಕೆಲಸ. ನನ್ನ ಹೋಳು ನೋಡಿ ಅವರು ಕೇಳಿದ್ದು ಒಂದೇ: "ಸುಣ್ಣ ಎಲ್ಲಿ?"

ನಾವು ಎಲೆ ಅಡಿಕೆಗೆ ಹಚ್ಚುತ್ತೇವಲ್ಲ, ಅದೇ ಸುಣ್ಣ! ಇಲ್ಲಿ ಅಡುಗೆಗೆಂದೇ ಪುಡಿ ಸಿಗುತ್ತದೆ. ಹಿಟ್ಟಲ್ಲ, ಇಡೀ ಕಾಳನ್ನೇ ಬೇಯಿಸಬೇಕು: 1 ಕಿಲೋ ಒಣ ಮೆಕ್ಕೆಜೋಳದ ಕಾಳಿಗೆ 10 ಗ್ರಾಂ ಸುಣ್ಣ, ಸುಮಾರು 3 ಲೀಟರ್ ನೀರು. ಸಣ್ಣ ಉರಿಯಲ್ಲಿ ಅರ್ಧ ಮುಕ್ಕಾಲು ತಾಸು. ಗಡಿಯಾರ ನಂಬಬೇಡಿ. ಕಾಳನ್ನು ಬೆರಳಲ್ಲಿ ತಿಕ್ಕಿದರೆ ಸಿಪ್ಪೆ ಜಾರಬೇಕು, ಕಚ್ಚಿದರೆ ನಡುವೆ ಗಟ್ಟಿ ಇರಬೇಕು. ಆಮೇಲೆ ಅದೇ ನೀರಲ್ಲಿ ರಾತ್ರಿಯಿಡೀ ಬಿಡಬೇಕು. ನಾನು ಮೊದಲ ಸಲ ಬೇಳೆ ಬೇಯಿಸಿದ ಹಾಗೆ ಮೆತ್ತಗೆ ಬೇಯಿಸಿಬಿಟ್ಟೆ. ಹಿಟ್ಟು ಗೋಂದಿನ ಹಾಗೆ ಅಂಟಿತು.

ಹೀಗೆ ನೆನೆದ ಕಾಳಿಗೆ ನಿಶ್ತಮಾಲ್ ಅಂತಾರೆ. ಸುಣ್ಣ ಬರೀ ಹಿಟ್ಟು ಹಿಡಿದುಕೊಳ್ಳಲಿ ಅಂತ ಅಲ್ಲ. ಕಾಳಿನೊಳಗೆ ಸಿಕ್ಕಿಕೊಂಡ ನಯಾಸಿನ್ ಅನ್ನೋ ವಿಟಮಿನ್ ಇದರಿಂದ ಬಿಡುಗಡೆಯಾಗಿ ಮೈಗೆ ಹತ್ತುತ್ತದೆ. ಯುರೋಪಿನವರು ಇಲ್ಲಿಂದ ಕಾಳು ಒಯ್ದರು, ಸುಣ್ಣ ಮರೆತರು. ಉತ್ತರ ಇಟಲಿಯಲ್ಲಿ ಬರೀ ಮೆಕ್ಕೆಜೋಳ ತಿಂದ ಬಡವರಿಗೆ ನಯಾಸಿನ್ ಕೊರತೆಯಿಂದ ಬರುವ ಪೆಲಾಗ್ರ ರೋಗ ಹತ್ತಿತು.

ಬೆಳಗ್ಗೆ ಕಾಳು ತೊಳೆದು ಮಿಕ್ಸಿಗೆ ಹಾಕಿದೆ. ನೀರಿಲ್ಲದೆ ತಿರುಗಲಿಲ್ಲ, ನೀರು ಹಾಕಿದರೆ ದೋಸೆ ಹಿಟ್ಟು. ಈಗ ಸುಮ್ನೆ ಅಜ್ಜಿಯ ಮಗನ ಗಿರಣಿಗೇ ಒಯ್ಯುತ್ತೇನೆ. ಮೂರು ಕಾಲಿನ ಇಳಿಜಾರು ಅರೆಯುವ ಕಲ್ಲು ಅವರ ಹಿತ್ತಲಲ್ಲೇ ಇದೆ, ಮೆತಾತೆ ಅಂತ. ಹಬ್ಬಕ್ಕೆ ಮಾತ್ರ ತೆಗೆಯುತ್ತಾರೆ. ಒಮ್ಮೆ ಕೂತು ಅರೆದೆ. ನಾಲ್ಕು ದಿನ ತೋಳು ಏಳಲಿಲ್ಲ.

ನಿಂಬೆಹಣ್ಣಿನಷ್ಟು ಉಂಡೆಯನ್ನು ಎರಡು ಪ್ಲಾಸ್ಟಿಕ್ ಹಾಳೆಗಳ ನಡುವೆ ಇಟ್ಟು ಮರದ ಒತ್ತುವ ಹಲಗೆಯಲ್ಲಿ ಅದುಮುತ್ತಾರೆ. ಅಜ್ಜಿಯ ತಾಯಿ ಎರಡು ಅಂಗೈಗಳ ನಡುವೆ ಗಾಳಿಯಲ್ಲೇ ತಟ್ಟುತ್ತಿದ್ದರಂತೆ. ನಾನು ನಮ್ಮ ರೂಢಿಯಲ್ಲಿ ಮೇಲೆ ನೀರು ಸವರಲು ಹೋದೆ. ಸೊಸೆ ಕೈ ಹಿಡಿದಳು. ಕಾದ ಹಂಚಿಗೆ ಒಣದಾಗಿಯೇ ಹಾಕಬೇಕು. ಅಂಚು ಬಿಟ್ಟ ಕೂಡಲೇ ತಿರುವಿ ಒಂದು ನಿಮಿಷ ಬೇಯಿಸಿ, ಮತ್ತೆ ತಿರುವಿ ಬೆರಳಲ್ಲಿ ಮೆಲ್ಲಗೆ ಒತ್ತಬೇಕು. ಆಗ ಪುಸ್ ಅಂತ ಉಬ್ಬುತ್ತದೆ. ನನ್ನದು ಉಬ್ಬಿದ್ದು ಆರನೇ ವಾರಕ್ಕೆ.

ಮೊನ್ನೆ ಅದನ್ನು ಬಟ್ಟೆಯಲ್ಲಿ ಸುತ್ತಿ, ಜೊತೆಗೆ ಶೇಂಗಾ ಹಿಂಡಿ ಇಟ್ಟು ಅಜ್ಜಿಗೆ ಕೊಟ್ಟೆ. ಮಡಚಿ ತಿಂದು, "ಹಿಂಡಿಗೆ ಖಾರ ಸಾಲದು" ಅಂದರು. ರೊಟ್ಟಿಯ ಬಗ್ಗೆ ಏನೂ ಅನ್ನಲಿಲ್ಲ.