ಅಮ್ಮನ ವೀಸಾದಲ್ಲಿ ‘01’ ಇದ್ದರೆ: ಸ್ಪೇನಿನ ಗಡಿ ದಾಟುವ ಮುಂಚೆ

ಲಾ ಲೀನಿಯಾ ಅನ್ನೋದು ಸ್ಪೇನಿನ ದಕ್ಷಿಣ ತುದಿಯ ಒಂದು ಸಾಧಾರಣ ಊರು. ಅದರ ಕೊನೆಯ ಬೀದಿಗೆ ಹೋದರೆ ಬ್ರಿಟನ್ನಿನ ಕೈಯಲ್ಲಿರುವ ಜಿಬ್ರಾಲ್ಟರ್ ಬಂಡೆ ದಿಢೀರಂತ ಎದುರಿಗೆ ಬರುತ್ತದೆ. ಎತ್ತರ 426 ಮೀಟರ್. ನಮ್ಮ ಕಡೆ ಬೆಟ್ಟಗಳನ್ನು ನೋಡಿದವರಿಗೆ ಇದೇನು ಮಹಾ ಅನ್ನಿಸಬಹುದು. ಆದರೆ ಸಮುದ್ರದ ಮಟ್ಟದಿಂದ ನೆಟ್ಟಗೆ ಎದ್ದಿರುವುದರಿಂದ ಕತ್ತು ಎತ್ತಿಯೇ ನೋಡಬೇಕು.

ಅಪ್ಪ ಅಮ್ಮ ಬೇಸಿಗೆಗೆ ಬಂದಿದ್ದಾಗ ಅವರನ್ನು ಅಲ್ಲಿಗೆ ಕರೆದುಕೊಂಡು ಹೋಗಿದ್ದೆ. ಕ್ಯೂ ಸಾಗಿತು. ಪೊಲೀಸರು ಅಮ್ಮನ ಪಾಸ್‌ಪೋರ್ಟ್ ತಿರುವಿ, ವೀಸಾ ಸ್ಟಿಕ್ಕರಿನ ಒಂದು ಜಾಗದಲ್ಲಿ ಬೆರಳಿಟ್ಟು ‘ಉನಾ ಸೋಲಾ’ ಅಂದರು. ಒಂದೇ ಒಂದು ಸಲ, ಅಂತ. ಹೋಗೋದಕ್ಕೆ ಅಡ್ಡಿಯಿಲ್ಲ, ವಾಪಸ್ ಸ್ಪೇನಿಗೆ ಬರೋಕಾಗಲ್ಲ ಎಂದು ಕೈಸನ್ನೆಯಲ್ಲೇ ತಿಳಿಸಿದರು. ತಪ್ಪು ಪೂರಾ ನನ್ನದೇ. ಸ್ಟಿಕ್ಕರನ್ನು ನಾನು ಸರಿಯಾಗಿ ನೋಡಿರಲಿಲ್ಲ.

‘ಅಲ್ಲೇ ಕಾಣ್ತಿದೆಯಲ್ಲೋ, ಅದೇನು ಬೇರೆ ದೇಶನಾ?’ ಅಂತ ಅಮ್ಮ ಕೇಳಿದರು.

ಈ ಪ್ರಶ್ನೆಗೆ ಸ್ಪೇನ್ ಒಂದು ಉತ್ತರ ಕೊಡುತ್ತದೆ, ಬ್ರಿಟನ್ ಇನ್ನೊಂದು. ಮುನ್ನೂರು ವರ್ಷದಿಂದ ಇದೇ ಕಥೆ. ಸ್ಪೇನಿಗೆ ಹೊಸದಾಗಿ ಬಂದ ಕನ್ನಡಿಗರು ತಿಯೆ ಕಾರ್ಡು (ವಿದೇಶಿಯರ ವಾಸದ ಗುರುತಿನ ಚೀಟಿ), ಪದ್ರೋನ್ ನೋಂದಣಿ (ಊರಿನ ನಿವಾಸಿಗಳ ಪಟ್ಟಿಗೆ ಹೆಸರು ಸೇರಿಸುವುದು) ಅಂತ ಓಡಾಡುವಾಗ ಗಡಿಗಳ ಬಗ್ಗೆ ಯಾರೂ ಹೇಳುವುದಿಲ್ಲ. ಅದಕ್ಕೇ ಇದನ್ನು ಬರೆಯುತ್ತಿದ್ದೇನೆ.

ಮೊದಲು ನಕ್ಷೆ. ಸ್ಪೇನಿನ ವಿಸ್ತೀರ್ಣ ಸುಮಾರು 5,06,000 ಚದರ ಕಿ.ಮೀ. ಅಂದರೆ ಎರಡೂವರೆ ಕರ್ನಾಟಕಕ್ಕಿಂತ ಸ್ವಲ್ಪ ಜಾಸ್ತಿ. ಪಶ್ಚಿಮಕ್ಕೆ ಪೋರ್ಚುಗಲ್, ಆ ಗಡಿಯೇ ಸುಮಾರು 1,200 ಕಿ.ಮೀ. ಉತ್ತರಕ್ಕೆ ಪಿರನೀಸ್ ಪರ್ವತ, ಅದರಾಚೆ ಫ್ರಾನ್ಸ್, ನಡುವೆ ಸಿಕ್ಕಿಕೊಂಡ ಪುಟ್ಟ ಅಂಡೋರಾ. ದಕ್ಷಿಣದ ಜಲಸಂಧಿಯ ಅತಿ ಕಿರಿದಾದ ಜಾಗದಲ್ಲಿ ಆಫ್ರಿಕಾ ಬರೀ 14 ಕಿ.ಮೀ. ದೂರ. ಇಷ್ಟು ಎಲ್ಲರಿಗೂ ಗೊತ್ತು. ಆದರೆ ಆಫ್ರಿಕಾದ ನೆಲದ ಮೇಲೂ ಸ್ಪೇನ್ ಇದೆ. ಸೆಯುತಾ, ಮೆಲಿಯಾ ಎಂಬ ಎರಡು ಊರುಗಳು ಮೊರಾಕ್ಕೊಗೆ ಅಂಟಿಕೊಂಡಿವೆ. ಕೆನರಿ ದ್ವೀಪಗಳು ಆಫ್ರಿಕಾ ತೀರದಿಂದ ಸುಮಾರು 100 ಕಿ.ಮೀ. ದೂರದಲ್ಲಿವೆ. ಸ್ಪೇನಿನ ಅತಿ ಎತ್ತರದ ಶಿಖರ ತೇಯ್ದೆ, 3,715 ಮೀಟರ್, ಇರುವುದೂ ಅಲ್ಲೇ.

ಈಗ ಬಂಡೆಗೆ ಬರೋಣ. 1704ರ ಆಗಸ್ಟ್‌ನಲ್ಲಿ ಇಂಗ್ಲಿಷ್ ಮತ್ತು ಡಚ್ ನೌಕಾಪಡೆ ಅಡ್ಮಿರಲ್ ಜಾರ್ಜ್ ರೂಕ್ ನೇತೃತ್ವದಲ್ಲಿ ಜಿಬ್ರಾಲ್ಟರನ್ನು ಹಿಡಿಯಿತು. ತಮಾಷೆಯೆಂದರೆ ಅವರು ಬಂದಿದ್ದು ಬ್ರಿಟನ್ನಿಗೆ ಊರು ಗೆದ್ದುಕೊಡೋಕಲ್ಲ. ಸ್ಪೇನಿನ ಸಿಂಹಾಸನ ಯಾರಿಗೆ ಎಂಬ ಜಗಳದಲ್ಲಿ ಆಸ್ಟ್ರಿಯಾದ ಚಾರ್ಲ್ಸ್ ಪರ ನಿಂತಿದ್ದರು. ಆ ಚಾರ್ಲ್ಸ್ ಸ್ಪೇನಿನ ರಾಜನಾಗಲೇ ಇಲ್ಲ, ಬ್ರಿಟಿಷರು ಮಾತ್ರ ಬಂಡೆ ಬಿಟ್ಟು ಕದಲಲಿಲ್ಲ. 1713ರ ಯುಟ್ರೆಕ್ಟ್ ಒಪ್ಪಂದದ 10ನೇ ಕಲಮಿನಲ್ಲಿ ಸ್ಪೇನ್ ಊರು, ಕೋಟೆ, ಬಂದರನ್ನು ಬರೆದುಕೊಟ್ಟಿತು. ಸುತ್ತಲಿನ ನೆಲದ ಜೊತೆ ಸಂಪರ್ಕ ಇರಬಾರದು ಎಂಬ ಮಾತೂ ಅದರಲ್ಲಿದೆ.

ಜಗಳದ ಬೇರು ಅಲ್ಲೇ. ಬಂಡೆಗೂ ಲಾ ಲೀನಿಯಾಗೂ ನಡುವೆ ಒಂದು ಮಟ್ಟಸ ಮರಳು ನೆಲವಿದೆ. ಅದನ್ನು ನಾವು ಕೊಟ್ಟಿದ್ದೇ ಇಲ್ಲ ಎನ್ನುತ್ತದೆ ಸ್ಪೇನ್. ಜಿಬ್ರಾಲ್ಟರಿನ ವಿಮಾನ ನಿಲ್ದಾಣ ಇರುವುದು ಸರಿಯಾಗಿ ಅದೇ ಮರಳಿನ ಮೇಲೆ. ಊರೊಳಗೆ ಹೋಗುವ ಹಳೆಯ ರಸ್ತೆ ರನ್‌ವೇಯನ್ನೇ ಅಡ್ಡ ದಾಟುತ್ತದೆ. 2023ರಲ್ಲಿ ಸುರಂಗ ತೆರೆಯುವ ತನಕ ವಿಮಾನ ಇಳಿಯುವಾಗ ರೈಲ್ವೆ ಗೇಟ್ ಹಾಕಿದ ಹಾಗೆ ವಾಹನಗಳನ್ನೆಲ್ಲ ನಿಲ್ಲಿಸುತ್ತಿದ್ದರು. ಹೀಗಾಗಿ ಸ್ಪೇನಿನ ಅಧಿಕಾರಿಗಳು ಆ 1.2 ಕಿ.ಮೀ. ಗೆರೆಯನ್ನು ‘ಫ್ರೊಂತೇರಾ’, ಅಂದರೆ ಗಡಿ, ಎಂದು ಕರೆಯುವುದಿಲ್ಲ. ‘ಲಾ ವೆರ್ಖಾ’ ಎನ್ನುತ್ತಾರೆ. ಬೇಲಿ, ಅಷ್ಟೇ. ನಮ್ಮ ಹೊಲಕ್ಕೆ ಪಕ್ಕದವನು ಹಾಕಿಕೊಂಡ ಬೇಲಿ ಅನ್ನುವ ಧಾಟಿ.

ಈ ಕಥೆಯಲ್ಲಿ ಮೈಸೂರೂ ಬರುತ್ತದೆ. 1779ರಿಂದ 1783ರವರೆಗೆ ಸ್ಪೇನ್ ಮತ್ತು ಫ್ರಾನ್ಸ್ ಸೇರಿ ಜಿಬ್ರಾಲ್ಟರಿಗೆ ಮುತ್ತಿಗೆ ಹಾಕಿದವು. ಅದೇ ಹೊತ್ತಿಗೆ, 1780ರಲ್ಲಿ, ಹೈದರ್ ಅಲಿ ಬ್ರಿಟಿಷರ ಮೇಲೆ ನುಗ್ಗಿದ್ದ. ಫ್ರೆಂಚರು ಅವನ ಜೊತೆಗಿದ್ದರು. ಒಂದೇ ದೊಡ್ಡ ಯುದ್ಧದ ಎರಡು ತುದಿ ಇದ್ದ ಹಾಗೆ. 1783ರಲ್ಲಿ ಯುರೋಪಿನಲ್ಲಿ ಶಾಂತಿಯಾಯಿತು. ಸ್ಪೇನಿಗೆ ಮೆನೋರ್ಕಾ ದ್ವೀಪ ಮತ್ತು ಫ್ಲಾರಿಡಾ ಸಿಕ್ಕವು, ಬಂಡೆ ಸಿಗಲಿಲ್ಲ. ಆ ಸುದ್ದಿ ಮಂಗಳೂರು ಮುಟ್ಟಿದಾಗ ಟಿಪ್ಪು ಅಲ್ಲಿನ ಕೋಟೆಗೆ ಮುತ್ತಿಗೆ ಹಾಕಿ ಕೂತಿದ್ದ. ಜೊತೆಗಿದ್ದ ಫ್ರೆಂಚ್ ಪಡೆ ನಮ್ಮ ಯುದ್ಧ ಮುಗಿಯಿತು ಎಂದು ಹಿಂದೆ ಸರಿಯಿತು. ಮುಂದಿನ ಮಾರ್ಚ್‌ನಲ್ಲಿ ಮಂಗಳೂರು ಒಪ್ಪಂದವಾಯಿತು. ಶಾಲೆಯಲ್ಲಿ ನಾವು ಇದರ ಅರ್ಧ ಮಾತ್ರ ಓದಿದ್ದೆವು, ಅಲ್ವಾ?

ಇನ್ನೊಬ್ಬ ಪರಿಚಿತ ಮುಖ ಬ್ರಿಟಿಷ್ ಸೇನಾಧಿಕಾರಿ ಆರ್ಥರ್ ವೆಲ್ಲೆಸ್ಲಿ. 1799ರಲ್ಲಿ ಶ್ರೀರಂಗಪಟ್ಟಣ ಬಿದ್ದ ಮೇಲೆ ಅಲ್ಲಿನ ಆಡಳಿತ ನೋಡಿಕೊಂಡವನು, ಮರುವರ್ಷ ಧೋಂಡಿಯಾ ವಾಘನ ಬೆನ್ನಟ್ಟಿ ಹೋದವನು. ಇದೇ ಮನುಷ್ಯ 1812ರಲ್ಲಿ ಸಲಮಾಂಕಾ ಬಳಿ, 1813ರಲ್ಲಿ ವಿತೋರಿಯಾ ಬಳಿ ನೆಪೋಲಿಯನ್ನಿನ ಸೈನ್ಯವನ್ನು ಸೋಲಿಸಿ ವೆಲ್ಲಿಂಗ್ಟನ್ ಎಂಬ ಹೆಸರಿನಲ್ಲಿ ಪ್ರಸಿದ್ಧನಾದ. ಸ್ಪೇನ್ ಅವನಿಗೆ ಗ್ರನಾದಾ ಹತ್ತಿರ ದೊಡ್ಡ ಜಮೀನನ್ನೇ ಕೊಟ್ಟಿತು. ಅವನ ವಂಶದವರಿಗೆ ಇಂದಿಗೂ ಅಲ್ಲಿ ನೆಲವಿದೆ. ವಿತೋರಿಯಾದ ನಡುಚೌಕದಲ್ಲಿ ಆ ಯುದ್ಧದ ದೊಡ್ಡ ಸ್ಮಾರಕ ನೋಡಬಹುದು. ಹಾಗಂತ ಸ್ಪೇನಿನವರ ಮುಂದೆ ಅವನನ್ನು ಜಾಸ್ತಿ ಹೊಗಳಬೇಡಿ. ಅವನ ಸೈನಿಕರು ಬದಾಖೋಸ್, ಸಾನ್ ಸೆಬಾಸ್ಟಿಯನ್ ಊರುಗಳಿಗೆ ‘ಬಿಡುಗಡೆ’ ಕೊಡಿಸಲು ಬಂದು ಅವನ್ನೇ ಲೂಟಿ ಹೊಡೆದರು. ಸಾನ್ ಸೆಬಾಸ್ಟಿಯನ್ ಸುಟ್ಟುಹೋದ ದಿನ ಅಲ್ಲಿನ ಒಂದು ಬೀದಿಯ ಹೆಸರಾಗಿದೆ: ಆಗಸ್ಟ್ 31ರ ಬೀದಿ. ಇಂಗ್ಲಿಷ್ ಪುಸ್ತಕಗಳು ಪೆನಿನ್ಸುಲರ್ ವಾರ್ ಎಂದು ಕರೆಯುವುದನ್ನು ಇಲ್ಲಿಯವರು ಸ್ವಾತಂತ್ರ್ಯ ಯುದ್ಧ ಎನ್ನುತ್ತಾರೆ. ಆಫೀಸಿನ ಊಟದ ಮೇಜಿನಲ್ಲಿ ಇದು ನೆನಪಿರಲಿ.

ಬಂಡೆಯ ಇತ್ತೀಚಿನ ಕಥೆಗೆ ಬಂದರೆ, 1967ರ ಜನಮತದಲ್ಲಿ 12,138 ಜನ ಬ್ರಿಟನ್ ಕಡೆ, 44 ಜನ ಸ್ಪೇನ್ ಕಡೆ ಮತ ಹಾಕಿದರು. ಸ್ಪೇನಿನ ಸರ್ವಾಧಿಕಾರಿ ಫ್ರಾಂಕೊ 1969ರಲ್ಲಿ ಗೇಟನ್ನೇ ಮುಚ್ಚಿಬಿಟ್ಟ. ಅಣ್ಣ ಆ ಕಡೆ, ತಂಗಿ ಈ ಕಡೆ. ಬೇಲಿಯ ಎರಡೂ ಬದಿ ನಿಂತು ಕೂಗಿ ಮಾತಾಡುತ್ತಿದ್ದರು, ಹುಟ್ಟಿದ ಮಗುವನ್ನು ಎತ್ತಿ ತೋರಿಸುತ್ತಿದ್ದರು. ನಡೆದು ಹೋಗುವವರಿಗೆ ಗೇಟು ತೆರೆದಿದ್ದು 1982ರ ಡಿಸೆಂಬರಿನಲ್ಲಿ, ಪೂರ್ತಿ ತೆರೆದಿದ್ದು 1985ರಲ್ಲಿ. ಬ್ರೆಕ್ಸಿಟ್ ಬಂದಾಗ ಜಿಬ್ರಾಲ್ಟರಿನ ಸುಮಾರು 96% ಜನ ಯುರೋಪಿನಲ್ಲೇ ಇರೋಣ ಎಂದರು. ದಿನಾ ಸುಮಾರು 15,000 ಜನ ಈ ಕಡೆಯಿಂದ ಕೆಲಸಕ್ಕೆ ಹೋಗಿಬರುವ ಊರು ಇನ್ನೇನು ಹೇಳೀತು?

2025ರ ಜೂನ್ 11ರಂದು ಬ್ರಿಟನ್ ಮತ್ತು ಯುರೋಪಿಯನ್ ಒಕ್ಕೂಟ ಒಂದು ಒಪ್ಪಂದಕ್ಕೆ ಬಂದವು. ಬೇಲಿಯ ಹತ್ತಿರದ ತಪಾಸಣೆ ತೆಗೆಯುವುದು, ಬದಲಿಗೆ ವಿಮಾನ ನಿಲ್ದಾಣ ಮತ್ತು ಬಂದರಿನಲ್ಲಿ ಜಿಬ್ರಾಲ್ಟರಿನವರೂ ಸ್ಪೇನಿನವರೂ ಒಬ್ಬರಾದ ಮೇಲೆ ಒಬ್ಬರು ಪಾಸ್‌ಪೋರ್ಟ್ ನೋಡುವುದು, ಇದು ಅದರ ತಿರುಳು. ಹಾಗಾಗಿ ಹಳೆಯ ಪ್ರವಾಸ ಬರಹಗಳನ್ನು ನಂಬಬೇಡಿ, ನಾನು ಮೇಲೆ ಹೇಳಿದ ಕ್ಯೂ ಸೇರಿಸಿ. ಹೊರಡುವ ವಾರ ಜಿಬ್ರಾಲ್ಟರ್ ಸರ್ಕಾರದ ತಾಣದಲ್ಲಿ ಭಾರತೀಯ ಪಾಸ್‌ಪೋರ್ಟಿಗೆ ಏನು ನಿಯಮ ಎಂದು ನೋಡಿಕೊಳ್ಳಿ. ಆಮೇಲೆ ವೀಸಾ ಸ್ಟಿಕ್ಕರಿನಲ್ಲಿ ‘ನುಮೆರೊ ದೆ ಎಂತ್ರಾದಾಸ್’ ಎಂಬ ಜಾಗ ಹುಡುಕಿ. ಅಲ್ಲಿ 01 ಅಂತಿದ್ದರೆ ಒಂದೇ ಪ್ರವೇಶ. ಷೆಂಗೆನ್ ವಲಯದಿಂದ (ಒಂದೇ ವೀಸಾ ನಡೆಯುವ ಯುರೋಪಿನ ದೇಶಗಳ ಗುಂಪು) ಹೊರಗೆ ಕಾಲಿಟ್ಟರೆ, ಹತ್ತು ನಿಮಿಷಕ್ಕಾದರೂ ಸರಿ, ಆ ವೀಸಾ ಮುಗಿದಂತೆ. ‘ಮಲ್ಟ್’ ಎಂದಿದ್ದರೆ ಚಿಂತೆಯಿಲ್ಲ. ಊರಿನಿಂದ ಅರ್ಜಿ ಹಾಕುವಾಗಲೇ ಹಲವು ಪ್ರವೇಶ ಬೇಕು ಎಂದು ಕೇಳಿ.

ಒಳಗೆ ಹೋದವರು ಎಂಜಿನಿಯರ್ ಲೇನ್‌ನಲ್ಲಿರುವ ಹಿಂದೂ ದೇವಸ್ಥಾನಕ್ಕೂ ಹೋಗಿಬನ್ನಿ. ಸೂಯೆಜ್ ಕಾಲುವೆ ತೆರೆದ ಮೇಲೆ ಹಡಗುಗಳ ಹಿಂದೆ ಬಂದ ಸಿಂಧಿ ವ್ಯಾಪಾರಿಗಳು ಜಿಬ್ರಾಲ್ಟರಿನಲ್ಲೂ ಕೆನರಿ ದ್ವೀಪಗಳಲ್ಲೂ ಬೇರೂರಿದರು. ಊರಿನವರ ಮಾತು ಕೇಳುವುದೂ ಒಂದು ಮಜಾ. ಇಂಗ್ಲಿಷಿನಲ್ಲಿ ಶುರುವಾದ ವಾಕ್ಯ ಆಂದಲೂಸಿಯಾದ ಸ್ಪ್ಯಾನಿಷಿನಲ್ಲಿ ಮುಗಿಯುತ್ತದೆ. ಬೆಂಗಳೂರಿನವರಿಗೆ ಇದೇನು ಹೊಸದಲ್ಲ.

ಉಳಿದ ಗಡಿಗಳಲ್ಲಿ ಎಚ್ಚರ ಬೇಕಾಗಿದ್ದು ಅಂಡೋರಾದಲ್ಲಿ. ಅದಕ್ಕೆ ತನ್ನದೇ ವೀಸಾ ಇಲ್ಲ, ವಿಮಾನ ನಿಲ್ದಾಣವೂ ಇಲ್ಲ. ಸ್ಪೇನ್ ಅಥವಾ ಫ್ರಾನ್ಸ್ ಮೂಲಕವೇ ಹೋಗಬೇಕು. ಆದರೆ ಅದು ಷೆಂಗೆನ್ ಅಲ್ಲ. ಹೋಗುವಾಗ ಯಾರೂ ಕೇಳದೇ ಇರಬಹುದು, ಬರುವಾಗ ಕೇಳಿದರೆ 01 ವೀಸಾದವರು ಸಿಕ್ಕಿಬೀಳುತ್ತಾರೆ. ನಿಮ್ಮ ಹತ್ತಿರ ತಿಯೆ ಇದ್ದರೆ ತೊಂದರೆಯಿಲ್ಲ, ಕಾರ್ಡನ್ನು ಮನೆಯಲ್ಲಿ ಮರೆಯದಿದ್ದರೆ ಸಾಕು. ಅಲ್ಲಿ ಯುರೋಪಿನ ಉಚಿತ ರೋಮಿಂಗ್ ನಡೆಯುವುದಿಲ್ಲ. ಮ್ಯಾಪ್ ನೋಡಿಕೊಂಡು ಗಾಡಿ ಓಡಿಸಿದರೆ ಬಿಲ್ಲು ಬಂದಾಗ ಗೊತ್ತಾಗುತ್ತದೆ.

ಸೆಯುತಾ, ಮೆಲಿಯಾ ಸ್ಪೇನೇ. ಆದರೂ ಅಲ್ಲಿಂದ ಹಡಗು ಹತ್ತಿ ಈ ಕಡೆ ಬರುವಾಗ ದಾಖಲೆ ತಪಾಸಣೆ ಇದ್ದೇ ಇರುತ್ತದೆ. ಕೆನರಿ ದ್ವೀಪಗಳು ಷೆಂಗೆನ್ ಒಳಗೇ ಇವೆ, ಆದರೆ ಯುರೋಪಿನ ವ್ಯಾಟ್ ವ್ಯವಸ್ಥೆಯ ಹೊರಗೆ. ಮ್ಯಾಡ್ರಿಡ್‌ನಿಂದ ಲಾಸ್ ಪಾಲ್ಮಾಸ್‌ನ ಗೆಳೆಯರಿಗೆ ಚಟ್ನಿಪುಡಿ ಕಳಿಸಬೇಕೆಂದರೂ ಕಸ್ಟಮ್ಸ್ ಕಾಗದ ತುಂಬಬೇಕು.

ಪೋರ್ಚುಗಲ್ ಗಡಿಗೆ ಇಲ್ಲಿಯವರು ‘ಲಾ ರಾಯಾ’, ಗೆರೆ, ಎನ್ನುತ್ತಾರೆ. ಗ್ವಾದಿಯಾನಾ ನದಿಯ ಸೇತುವೆ ದಾಟಿದರೆ ಗಡಿಯಾರ ಒಂದು ಗಂಟೆ ಹಿಂದಕ್ಕೆ, ಅಷ್ಟೇ. 1801ರಲ್ಲಿ ಸ್ಪೇನ್ ಹಿಡಿದುಕೊಂಡ ಒಲಿವೆನ್ಸಾ ಎಂಬ ಊರು ನಮ್ಮದು ಎಂದು ಪೋರ್ಚುಗಲ್ ಈಗಲೂ ಹೇಳುತ್ತಲೇ ಇದೆ, ಆದರೆ ಅದಕ್ಕಾಗಿ ಯಾರೂ ನಿಮ್ಮ ಪಾಸ್‌ಪೋರ್ಟ್ ಕೇಳುವುದಿಲ್ಲ. ಫ್ರಾನ್ಸಿನ ಒಳಗೆ ಯೀವಿಯಾ ಎಂಬ ಸ್ಪೇನಿನ ಊರೊಂದು ದ್ವೀಪದ ಹಾಗೆ ಉಳಿದುಕೊಂಡಿದೆ. 1659ರ ಒಪ್ಪಂದದ ಪ್ರಕಾರ ಫ್ರಾನ್ಸಿಗೆ ಹೋಗಬೇಕಾದದ್ದು ಹಳ್ಳಿಗಳು, ನಮ್ಮದು ಪಟ್ಟಣ ಎಂದು ವಾದ ಹೂಡಿ ತಪ್ಪಿಸಿಕೊಂಡ ಊರದು. ನಮ್ಮ ತಾಲ್ಲೂಕು ಕಚೇರಿಯಲ್ಲೂ ಇಂಥ ವಕೀಲಿಕೆ ಕಂಡಿದ್ದೇವೆ.

ಹಳೆಯ ಸಂಬಂಧಗಳು ಇಲ್ಲಿನ ಕಾನೂನಿನಲ್ಲಿ ಇನ್ನೂ ಜೀವಂತ. ಸ್ಪೇನಿನ ಪೌರತ್ವಕ್ಕೆ ಭಾರತೀಯರು ಸಾಮಾನ್ಯವಾಗಿ 10 ವರ್ಷ ಕಾನೂನುಬದ್ಧವಾಗಿ ವಾಸವಿರಬೇಕು. ಲ್ಯಾಟಿನ್ ಅಮೆರಿಕದವರಿಗೆ, ಫಿಲಿಪ್ಪೀನ್ಸ್, ಅಂಡೋರಾ, ಪೋರ್ಚುಗಲ್‌ನವರಿಗೆ 2 ವರ್ಷ ಸಾಕು. ನಮ್ಮನ್ನು ಆಳಿದ್ದು ಬ್ರಿಟಿಷರಾದ್ದರಿಂದ ಎಂಟು ವರ್ಷ ಜಾಸ್ತಿ ಕಾಯಬೇಕು! ಡ್ರೈವಿಂಗ್ ಲೈಸೆನ್ಸೂ ಹಾಗೇ. ಭಾರತದ್ದನ್ನು ಇಲ್ಲಿ ಬದಲಾಯಿಸಿಕೊಡುವುದಿಲ್ಲ. ವಾಸ ಶುರುವಾಗಿ ಆರು ತಿಂಗಳಾದ ಮೇಲೆ ಅದು ನಡೆಯುವುದೂ ಇಲ್ಲ, ಪರೀಕ್ಷೆ ಬರೆಯಲೇಬೇಕು. ಒಂದು ಸಮಾಧಾನವಿದೆ. ಬ್ರೆಕ್ಸಿಟ್ ಆದ ಮೇಲೆ ತಿಯೆ ಕಾರ್ಡಿನ ಕ್ಯೂನಲ್ಲಿ ಬ್ರಿಟಿಷರೂ ನಮ್ಮ ಹಿಂದೆಯೇ ಫೈಲು ಹಿಡಿದು ನಿಲ್ಲುತ್ತಾರೆ.

ಆ ದಿನ ಜಿಬ್ರಾಲ್ಟರ್ ತಪ್ಪಿಹೋದ ಮೇಲೆ ಅಪ್ಪ ಅಮ್ಮನನ್ನು ತಾರಿಫಾಗೆ ಕರೆದೊಯ್ದೆ. ಸ್ಪೇನಿನ ಮುಖ್ಯಭೂಮಿಯ ದಕ್ಷಿಣದ ತುತ್ತತುದಿ ಅದು. ಗಾಳಿಯೋ ಗಾಳಿ. ಅಮ್ಮ ಸೆರಗನ್ನು ಸೊಂಟಕ್ಕೆ ಸಿಕ್ಕಿಸಿ ಕಲ್ಲಿನ ಮೇಲೆ ಕೂತು ಎದುರಿಗಿನ ಆಫ್ರಿಕಾದ ಬೆಟ್ಟಗಳನ್ನು ನೋಡುತ್ತಿದ್ದರು. ‘ಇದಕ್ಕೂ ವೀಸಾ ಕೇಳ್ತಾರಾ, ಸುಮ್ನೆ ನೋಡೋಕೆ?’ ಅಂದರು. ನಗುತ್ತಾ ಫೋನ್ ನೋಡಿದೆ, ಬಸ್ಸಿಗೆ ಇನ್ನೂ ಮುಕ್ಕಾಲು ಗಂಟೆ ಇತ್ತು. ನಿಧಾನಕ್ಕೆ ನಡೆದು ಹೋದರೆ ನಿಲ್ದಾಣ ಖಾಲಿ. ನನ್ನ ಫೋನ್ ಯಾವಾಗಲೋ ಮೊರಾಕ್ಕೊ ನೆಟ್‌ವರ್ಕ್ ಹಿಡಿದು ಗಡಿಯಾರವನ್ನು ಒಂದು ಗಂಟೆ ಹಿಂದಕ್ಕೆ ಹಾಕಿಕೊಂಡಿತ್ತು. ಆ ಕಡೆ ಹೋದಾಗ ರೋಮಿಂಗ್ ಆಫ್ ಮಾಡಿ, ಸಮಯವನ್ನು ಮ್ಯಾಡ್ರಿಡ್‌ಗೆ ಕೈಯಾರೆ ಹೊಂದಿಸಿಡಿ.