ನೆರಳಿನ ಅಂಚಿನಲ್ಲಿ ಒಂದು ಗಳಿಗೆ ಕೂರುವ ಕ್ರಮ

ಮೈಸೂರಿನಲ್ಲಿ ಗಡಿಯಾರ ಹನ್ನೆರಡು ಹೊಡೆದಾಗ ಸೂರ್ಯ ಇನ್ನೂ ನೆತ್ತಿಗೆ ಬಂದಿರುವುದಿಲ್ಲ. ಗಡಿಯಾರ ನಡೆಯುವುದು 82.5 ಡಿಗ್ರಿ ರೇಖಾಂಶದ ಲೆಕ್ಕದಲ್ಲಿ, ಊರಿರುವುದು 76.65ರಲ್ಲಿ. ಡಿಗ್ರಿಗೆ ನಾಲ್ಕು ನಿಮಿಷದಂತೆ 23 ನಿಮಿಷ ಚಿಲ್ಲರೆ ವ್ಯತ್ಯಾಸ. ಗಳಿಗೆಯೆಂದರೆ 24 ನಿಮಿಷ, ಹಾಗಾಗಿ ಹೆಚ್ಚುಕಮ್ಮಿ ಒಂದು ಗಳಿಗೆ. ನೆರಳಿನ ಅಂಚು ಸರಿಯುವುದನ್ನು ಉಸಿರು ಎಣಿಸುತ್ತಾ ನೋಡುತ್ತಾ ಕೂರುವ ಈ ಅಭ್ಯಾಸ ಅಷ್ಟೇ ಹೊತ್ತಿನದು. ಇದನ್ನು ಯಾವ ಶಾಸ್ತ್ರದಲ್ಲೂ ಹುಡುಕಬೇಡಿ. ಅಳತೆಗಳು ಹಳೆಯವು, ಕಟ್ಟು ಹೊಸದು. ಇದರ ಹಿಂದಿರುವ ವಿಚಾರ ಒಂದೇ: ‘ಈಗ’ ಅನ್ನುವುದು ಚುಕ್ಕಿಯಲ್ಲ, ಅದಕ್ಕೆ ಅಗಲವಿದೆ, ಆ ಅಗಲ ಕಣ್ಣಿಗೆ ಕಾಣುತ್ತದೆ.

ಮೊದಲು ಶಂಕು, ಅಂದರೆ ನೆರಳು ನೋಡಲು ನೆಟ್ಟಗೆ ನಿಲ್ಲಿಸುವ ಸರಳು. ಹಳೆಯ ಕ್ರಮದಂತೆ ಹನ್ನೆರಡು ಅಂಗುಲ. ಅಂಗುಲಕ್ಕೆ 2 ಸೆಂ.ಮೀ. ಹಿಡಿದು 24 ಸೆಂ.ಮೀ. ಉದ್ದದ, 8 ಮಿ.ಮೀ. ದಪ್ಪದ ನುಣುಪಾದ ಸರಳು ತೆಗೆದುಕೊಳ್ಳಿ. ತುದಿ ಚೂಪಾಗಿರಬಾರದು, ಸಮವಾಗಿ ಕತ್ತರಿಸಿರಬೇಕು. ಮನೆಯಲ್ಲಿ ಊದುಬತ್ತಿ ಕಡ್ಡಿ ಇದ್ದೇ ಇರುತ್ತದೆ, ಅದನ್ನೇ ನೆಡೋಣ ಅನಿಸಬಹುದು, ಆಗುವುದಿಲ್ಲ. ಸೂರ್ಯ ಅರ್ಧ ಡಿಗ್ರಿಯಷ್ಟು ಅಗಲವಿರುವುದರಿಂದ 24 ಸೆಂ.ಮೀ. ದೂರಕ್ಕೆ ನೆರಳಿನ ಅಂಚು ಸುಮಾರು 2 ಮಿ.ಮೀ. ಮಸುಕಾಗುತ್ತದೆ. ಕಡ್ಡಿಯ ದಪ್ಪ ಅದಕ್ಕಿಂತ ಕಡಿಮೆ, ನಡುವಿನ ಕಪ್ಪೇ ಉಳಿಯುವುದಿಲ್ಲ.

ಒಂದೂವರೆ ಅಡಿ ಚೌಕದ ಹಲಗೆಯ ಮಧ್ಯೆ ತೂತು ಕೊರೆದು ಸರಳನ್ನು ಎಂ-ಸೀಲ್ ಹಾಕಿ ನಿಲ್ಲಿಸಿ. ಡಿಸೆಂಬರ್ 21ರ ಸುಮಾರಿಗೆ ಮಧ್ಯಾಹ್ನದ ನೆರಳು 17 ಸೆಂ.ಮೀ. ದಾಟುತ್ತದೆ, ಹಲಗೆ ಒಂದೂವರೆ ಅಡಿಗಿಂತ ಚಿಕ್ಕದಾದರೆ ಸಾಲದು. ಹಲಗೆಗೆ ರಸಮಟ್ಟ, ಸರಳಿಗೆ ತೂಗುಗುಂಡು. ಗುಂಡನ್ನು ಪೂರ್ವದಿಂದಲೂ ದಕ್ಷಿಣದಿಂದಲೂ ಹಿಡಿದು ನೋಡಿ. ಸರಳು ಪೂರ್ವಕ್ಕೋ ಪಶ್ಚಿಮಕ್ಕೋ ಒಂದು ಡಿಗ್ರಿ ವಾಲಿದರೂ ನಾಲ್ಕು ನಿಮಿಷ ಹೋಯಿತು. ಹೆಚ್ಚಿನವರು ಎಡವುವುದು ಇಲ್ಲೇ, ಆಮೇಲೆ ಮನಸ್ಸನ್ನು ದೂರುತ್ತಾರೆ. ಹಲಗೆಯ ಮೇಲೆ ಹಾಸುವ ಕಾಗದ ಅಚ್ಚಬಿಳುಪಾಗಿದ್ದರೆ ಬಿಸಿಲಿಗೆ ಕಣ್ಣು ಕುಕ್ಕುತ್ತದೆ. ಕಂದು ಕಾಗದ ಒಳ್ಳೆಯದು. ಸೂರ್ಯನನ್ನು ಮಾತ್ರ ಎಂದೂ ನೇರವಾಗಿ ನೋಡಬೇಡಿ.

ಇನ್ನು ಗಳಿಗೆ ಬಟ್ಟಲು: ನೀರಿನಲ್ಲಿ ತೇಲಿಬಿಟ್ಟರೆ ತಳದ ತೂತಿನಿಂದ ತುಂಬುತ್ತಾ ಒಂದು ಗಳಿಗೆಗೆ ಮುಳುಗುವ ಬಟ್ಟಲು. ಫೋನಿನ ಅಲಾರಂ ಸಾಲದೇ ಎಂದರೆ, ಹೊತ್ತು ತಿಳಿಯಲು ಸಾಕು, ಕೂರಲು ಸಾಲದು: ಅದು ಕೊನೆಯಲ್ಲಿ ಕೂಗುತ್ತದೆ, ಬಟ್ಟಲು ಉದ್ದಕ್ಕೂ ತುಂಬುತ್ತಿರುತ್ತದೆ. 8 ಸೆಂ.ಮೀ. ಬಾಯಿ, 5 ಸೆಂ.ಮೀ. ಆಳ, ನೂರು ಗ್ರಾಂ ಸುಮಾರಿನ ತಾಮ್ರದ ಬಟ್ಟಲು ಸಾಕು. ಪಂಚಪಾತ್ರೆ ಬೇಡ, ಕಿರಿದಾಗಿ ಎತ್ತರವಿರುವುದರಿಂದ ತೇಲುವಾಗ ವಾಲುತ್ತದೆ. ತಳದ ನಡುವೆ ಅರ್ಧ ಮಿಲಿಮೀಟರಿನ ತೂತು ಬೇಕು. ಅಷ್ಟು ಸಣ್ಣ ಬೈರಿಗೆ ಚಿನ್ನಬೆಳ್ಳಿ ಕೆಲಸದವರ ಬಳಿ ಸಿಗುತ್ತದೆ. ಬಕೆಟ್ ನೀರಿನಲ್ಲಿ ತೇಲಿಬಿಟ್ಟು ಮುಳುಗುವ ಹೊತ್ತನ್ನು ಅಳೆಯಿರಿ. 24 ನಿಮಿಷಕ್ಕಿಂತ ಹೆಚ್ಚಾದರೆ ಒಳಗೆ ಒಂದು ನಾಣ್ಯ ಹಾಕಿ, ಭಾರಕ್ಕೆ ನೀರು ಬೇಗ ನುಗ್ಗುತ್ತದೆ. ಕಡಿಮೆಯಾದರೆ ತೂತಿನ ಅಂಚನ್ನು ಹಿಂದಿನಿಂದ ಮೆಲ್ಲಗೆ ಬಡಿದು ಕಿರಿದು ಮಾಡಿ. ತೂತನ್ನು ದೊಡ್ಡದು ಮಾಡಲು ಅವಸರ ಬೇಡ: 0.5 ಇದ್ದದ್ದು 0.6 ಆದರೆ ಹೊತ್ತು ಮೂರರಲ್ಲಿ ಒಂದು ಪಾಲಿನಷ್ಟು ಇಳಿದುಹೋಗುತ್ತದೆ. ಬೋರ್‌ವೆಲ್ ನೀರಿನ ಸುಣ್ಣ ತೂತಿನಲ್ಲಿ ಕಟ್ಟಿಕೊಳ್ಳುತ್ತದೆ, ಫಿಲ್ಟರ್ ನೀರು ಬಳಸಿ. ಬಿಡುವ ಮೊದಲು ತೂತನ್ನು ಒದ್ದೆ ಮಾಡದಿದ್ದರೆ ಗಾಳಿಗುಳ್ಳೆ ಕೂತು ನೀರೇ ಏರುವುದಿಲ್ಲ.

ಕೂರುವುದು ಸೂರ್ಯ ನೆತ್ತಿಯ ಗೆರೆ ದಾಟುವುದಕ್ಕೆ 12 ನಿಮಿಷ ಮೊದಲು. ಸರಾಸರಿ ಮಧ್ಯಾಹ್ನ 12:23 ಆದರೂ ದಿನವೂ ಅದೇ ಅಲ್ಲ: ನವೆಂಬರ್ ಮೊದಲ ವಾರದಲ್ಲಿ 12:07ರ ಸುಮಾರು, ಫೆಬ್ರವರಿ ಎರಡನೇ ವಾರದಲ್ಲಿ 12:37. ಮಂಡ್ಯದವರು ಒಂದು ನಿಮಿಷ ಮುಂಚೆ. ಹಲಗೆಯ ಪಶ್ಚಿಮಕ್ಕೆ ಕೂತು ಪೂರ್ವಕ್ಕೆ ಮುಖ ಮಾಡಿ. ದಕ್ಷಿಣಕ್ಕೆ ಕೂತರೆ ವರ್ಷದ ಬಹುಪಾಲು ನಿಮ್ಮ ನೆರಳೇ ಹಲಗೆಯ ಮೇಲೆ ಬೀಳುತ್ತದೆ.

ಬಟ್ಟಲನ್ನು ನೀರಿಗೆ ಬಿಟ್ಟ ಕೂಡಲೆ ನೆರಳಿನ ತುದಿಯ ಹತ್ತಿರ, ಪೂರ್ವದ ಅಂಚಿನಲ್ಲಿ ಪೆನ್ಸಿಲಿನಿಂದ ಎರಡು ಗೆರೆ ಎಳೆಯಿರಿ. ಒಂದು, ಅಚ್ಚ ಕಪ್ಪು ಮುಗಿಯುವಲ್ಲಿ. ಇನ್ನೊಂದು, ಅಚ್ಚ ಬಿಸಿಲು ಶುರುವಾಗುವಲ್ಲಿ. ನಡುವೆ ಉಳಿದದ್ದು ಅರೆನೆರಳು. ಅದೇ ನೋಡಬೇಕಾದ ಜಾಗ. ಹತ್ತಿರ ಬಗ್ಗಿ ನೋಡಿದರೆ ಅಲ್ಲಿ ಗೆರೆಯೇ ಇಲ್ಲ, ಕಪ್ಪು ಎಲ್ಲಿ ಬೂದುಬಣ್ಣವಾಯಿತು, ಬೂದು ಎಲ್ಲಿ ಬಿಸಿಲಾಯಿತು ಎಂದು ಬೆರಳಿಟ್ಟು ಹೇಳಲಾಗದು.

ಎಡಗಡೆ ಹನ್ನೆರಡು ಹುಣಸೆ ಬೀಜ ಇಟ್ಟುಕೊಳ್ಳಿ. ಮೂವತ್ತು ಉಸಿರಿಗೆ ಒಂದನ್ನು ಬಲಕ್ಕೆ ಸರಿಸಿ. ಹಳೆಯ ಖಗೋಳ ಗ್ರಂಥವಾದ ಸೂರ್ಯಸಿದ್ಧಾಂತದ ಲೆಕ್ಕದಲ್ಲಿ ಒಂದು ಪ್ರಾಣ, ಅಂದರೆ ಒಂದು ಉಸಿರು, ನಾಲ್ಕು ಸೆಕೆಂಡು, ಗಳಿಗೆಗೆ 360. ಭೂಮಿ ಒಂದು ಉಸಿರಿಗೆ ಒಂದು ಕಲೆಯಷ್ಟು ತಿರುಗುತ್ತದೆ, ಡಿಗ್ರಿಯ ಅರವತ್ತನೇ ಒಂದು ಪಾಲು. ಸೂರ್ಯಬಿಂಬದ ಅಗಲ ಸುಮಾರು 32 ಕಲೆ. ಹಾಗಾಗಿ ಒಂದು ಬೀಜ ಸರಿಯುವಷ್ಟರಲ್ಲಿ ಕಪ್ಪು ಅಂಚು ಹೊರಗಿನ ಗೆರೆಯ ಬಳಿಗೆ ಬಂದಿರುತ್ತದೆ. ಒಂದು ‘ಈಗ’ ದಾಟಿತು. ನಾಲ್ಕನೇ ಬೀಜ ಸರಿಸಿ ಐದು ಉಸಿರಾದಾಗ, ನೀವು ಕೂತ ಕ್ಷಣದಲ್ಲಿ ಸೂರ್ಯನಿಂದ ಹೊರಟ ಬೆಳಕು ಹಲಗೆಗೆ ತಲುಪುತ್ತದೆ, 8 ನಿಮಿಷ 20 ಸೆಕೆಂಡು. ಅಲ್ಲಿಯವರೆಗೆ ನೋಡಿದ್ದೆಲ್ಲ ನೀವು ಕೂರುವ ಮೊದಲೇ ಹೊರಟ ಬೆಳಕು. ಇದನ್ನು ಯೋಚಿಸುತ್ತಾ ಕೂರಬೇಡಿ, ಆ ಹೊತ್ತಿಗೆ ಒಮ್ಮೆ ನೆನೆದರೆ ಸಾಕು.

ಉಸಿರನ್ನು ನಾಲ್ಕು ಸೆಕೆಂಡಿಗೆ ಎಳೆದು ಹೊಂದಿಸಬೇಡಿ. ಸುಮ್ಮನೆ ಕೂತ ದೊಡ್ಡವರ ಉಸಿರು ನಿಮಿಷಕ್ಕೆ 12ರಿಂದ 20; ಗಳಿಗೆಗೆ 288ರಿಂದ 480 ಬಂದರೂ ಸರಿಯೇ. ಹನ್ನೆರಡೂ ಸರಿದು ಬಟ್ಟಲು ಇನ್ನೂ ತೇಲುತ್ತಿದ್ದರೆ ಬೀಜಗಳನ್ನು ಮರಳಿ ಎಡಕ್ಕೆ ಸರಿಸುತ್ತಾ ಹೋಗಿ. ಲೆಕ್ಕ ತಪ್ಪಿದರೆ ಆ ಮೂವತ್ತನ್ನು ಮತ್ತೆ ಮೊದಲಿಂದ ಎಣಿಸಿ, ಹಿಂದಿನ ಬೀಜಗಳನ್ನು ಮುಟ್ಟಬೇಡಿ.

ಬಟ್ಟಲು ಗುಳುಕ್ಕೆಂದು ಮುಳುಗಿದಾಗ ಮತ್ತೆ ಎರಡು ಗೆರೆ ಎಳೆಯಿರಿ. ಮೊದಲಿನದಕ್ಕೂ ಇದಕ್ಕೂ ಸುಮಾರು ಎರಡೂವರೆ ಸೆಂ.ಮೀ. ಅಂತರ ಬರಬೇಕು. ತೀರ ಕಡಿಮೆ ಬಂದರೆ ಬಟ್ಟಲು ಬೇಗ ಮುಳುಗಿದೆ, ಅಥವಾ ಮೊದಲು ಬಿಸಿಲಿನ ಅಂಚನ್ನೂ ಆಮೇಲೆ ಕಪ್ಪಿನ ಅಂಚನ್ನೂ ಹಿಡಿದಿದ್ದೀರಿ. ಕಾಗದದ ಮೂಲೆಯಲ್ಲಿ ದಿನಾಂಕ, ಉಸಿರಿನ ಎಣಿಕೆ ಬರೆದಿಡಿ.

ವಿದ್ಯಾರಣ್ಯರು ಪಂಚದಶಿ ಎಂಬ ವೇದಾಂತ ಗ್ರಂಥದ ನಾಟಕದೀಪ ಪ್ರಕರಣದಲ್ಲಿ ಸಾಕ್ಷಿಯನ್ನು, ಅಂದರೆ ನಮ್ಮೊಳಗೆ ಎಲ್ಲವನ್ನೂ ಸುಮ್ಮನೆ ನೋಡುತ್ತಿರುವ ಅರಿವನ್ನು, ರಂಗದ ದೀಪಕ್ಕೆ ಹೋಲಿಸುತ್ತಾರೆ: ಒಡೆಯ, ಸಭಿಕರು, ನರ್ತಕಿ ಎಲ್ಲರನ್ನೂ ಸಮವಾಗಿ ಬೆಳಗುತ್ತದೆ, ಅವರೆಲ್ಲ ಹೋದ ಮೇಲೂ ಉರಿಯುತ್ತದೆ. ಈ ಅಭ್ಯಾಸದಲ್ಲಿ ಅದರ ಒಂದು ಸಣ್ಣ ಪರೀಕ್ಷೆಯಿದೆ. ಏಪ್ರಿಲ್ 22, ಆಗಸ್ಟ್ 20ರ ಆಸುಪಾಸಿನಲ್ಲಿ ಮೈಸೂರಿನಲ್ಲಿ ಸೂರ್ಯ ನೆಟ್ಟಗೆ ನೆತ್ತಿಯ ಮೇಲೆ ಬಂದು ಶಂಕುವಿನ ನೆರಳು ಒಂದೆರಡು ನಿಮಿಷ ಅದರ ಬುಡದಲ್ಲೇ ಅಡಗುತ್ತದೆ. ಆಗಸ್ಟಿನಲ್ಲಿ ಮೋಡದ ಕಾಟ. ಏಪ್ರಿಲ್ ನಂಬಿ, ತಲೆಗೆ ಒದ್ದೆ ಬಟ್ಟೆ ಕಟ್ಟಿಕೊಳ್ಳಿ. ಅಂದು ಗೆರೆ ಎಳೆಯುವುದು ಬೇಡ. ಅಂಚು ಕಾಣದಾದಾಗಲೂ ನೋಟವನ್ನು ಅಲ್ಲೇ ಇಟ್ಟು, ಪೂರ್ವದ ಬದಿಯಲ್ಲಿ ಮತ್ತೆ ಕಪ್ಪು ಮೂಡುವವರೆಗೆ ಉಸಿರು ಎಣಿಸುತ್ತಾ ಹೋಗಿ.